ಎಡಗೈಯಲ್ಲಿ ಉಂಡ ಧಾರಾವಾಹಿ

ಇಂಗ್ಲೆಂಡಿನ ಲೀಡ್ಸ್‌ನಲ್ಲಿ ನಮ್ಮ ಎದುರು ಮನೆಯಲ್ಲಿ ಒಬ್ಬ ನಿವೃತ್ತ ನರ್ಸ್ ಇದ್ದಾರೆ. ಅಮ್ಮನಿಗಿಂತ ಎರಡು ವರ್ಷ ಚಿಕ್ಕವರು. ಆದರೂ ಅಮ್ಮ ಅವರನ್ನು ‘ಎದುರು ಮನೆ ಅಜ್ಜಿ’ ಎಂದೇ ಕರೆಯುತ್ತಾಳೆ. ಅಮ್ಮ ಇಲ್ಲಿಗೆ ಬಂದಿದ್ದ ಚಳಿಗಾಲದಲ್ಲಿ ಈ ಅಜ್ಜಿ ಒಂದು ಸಂಜೆ ಡಿವಿಡಿ ಪೆಟ್ಟಿಗೆಯೊಂದನ್ನು ಹಿಡಿದು ಬಾಗಿಲು ತಟ್ಟಿದರು. ‘ದಿ ಜ್ಯೂಯೆಲ್ ಇನ್ ದಿ ಕ್ರೌನ್’. 1984ರಲ್ಲಿ ಗ್ರಾನಡಾ ಟೆಲಿವಿಷನ್ ತಯಾರಿಸಿದ ಹದಿನಾಲ್ಕು ಕಂತುಗಳ ಧಾರಾವಾಹಿ. ಬ್ರಿಟಿಷರು ಭಾರತ ಬಿಟ್ಟು ಹೊರಡುವ ಕಾಲದ ಕಥೆ. “ಲೈಬ್ರರಿಯಿಂದ ತಂದೆ. ನಿಮ್ಮ ತಾಯಿಗೆ ಹೊತ್ತು ಹೋಗುತ್ತದೆ, ನಿಮ್ಮ ದೇಶದ್ದೇ ಕಥೆ” ಎಂದರು. ಹದಿನಾಲ್ಕಕ್ಕೆ ಹದಿನಾಲ್ಕೂ ಇದ್ದವು. ಕಿವಿ ಮಂದವಾದವರಿಗೆಂದು ಮಾತುಗಳೆಲ್ಲ ಪರದೆಯ ಕೆಳಗೆ ಅಕ್ಷರದಲ್ಲಿ ಬರುತ್ತಿದ್ದವು.

ಅಷ್ಟಕ್ಕೇ ನಿಂತಿದ್ದರೆ ಈ ಬರಹ ಇರುತ್ತಿರಲಿಲ್ಲ. ಚಹಾ ಕುಡಿಯುತ್ತಾ ಅವರು ಕೇಳಿದರು: “ನಿಮ್ಮ ಭಾಷೆಯಲ್ಲಿ ನೀವೆಲ್ಲ ಏನು ನೋಡುತ್ತಿದ್ದಿರಿ? ನನಗೂ ಒಂದು ತೋರಿಸಿ. ಇಂಗ್ಲಿಷ್ ಸಬ್‌ಟೈಟಲ್ ಇದ್ದರೆ ಸಾಕು.” ನಾನು ಎದೆಯುಬ್ಬಿಸಿ, “ನಾಳೆಯೇ ತೋರಿಸುತ್ತೇನೆ” ಎಂದುಬಿಟ್ಟೆ. ಅಮ್ಮ ಅಲ್ಲೇ ಧಾರಾವಾಹಿಯನ್ನೂ ಆರಿಸಿದಳು. ನಮ್ಮ ಮನೆಯಲ್ಲಿ ರಾತ್ರಿಯ ಸಾರಿಗೆ ಒಗ್ಗರಣೆ ಬೀಳುವ ಸಮಯವನ್ನು ವರ್ಷಗಟ್ಟಲೆ ನಿರ್ಧರಿಸಿದ ಧಾರಾವಾಹಿ ಅದು. ಅದು ಶುರುವಾಗುವ ಮುನ್ನ ಕುಕ್ಕರ್ ಇಳಿದಿರಬೇಕು, ಜಾಹೀರಾತು ಬಂದಾಗ ಮಾತ್ರ ಬಡಿಸುವುದು. ಅದರ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಕಾರಣ ಮುಂದೆ ಗೊತ್ತಾಗುತ್ತದೆ.

ಆ ‘ನಾಳೆ’ ಮೂರು ವಾರ ನಡೆಯಿತು.

ಮೊದಲ ತೊಡಕು ಹೆಸರಿನದೇ. ಅದರಲ್ಲಿ ಒಂದು ಒತ್ತಕ್ಷರ, ಒಂದು ದೀರ್ಘ, ಒಂದು ‘ಳ’ಕಾರ ಇದ್ದದ್ದು ದೊಡ್ಡ ಅಪರಾಧವಾಯಿತು. ಕನ್ನಡ ಅಕ್ಷರದಲ್ಲಿ ಬರೆದು ಹುಡುಕಿದರೆ ಅದೇ ಹೆಸರಿನ ಭಾವಗೀತೆ, ಅದೇ ಹೆಸರಿನ ಮಹಿಳಾ ಸಂಘ, ಅದೇ ಹೆಸರಿನ ಸೀರೆ ಅಂಗಡಿ. ಇಂಗ್ಲಿಷ್ ಅಕ್ಷರದಲ್ಲಿ ಹುಡುಕೋಣವೆಂದರೆ ದೀರ್ಘಕ್ಕೆ ಒಂದು ‘ಎ’ಯೋ ಎರಡೋ, ‘ಮೃ’ವನ್ನು ‘ಮ್ರು’ ಎನ್ನುವವರೋ ‘ಮ್ರಿ’ ಎನ್ನುವವರೋ ಎಂಬಂಥ ಜಗಳ. ಕನ್ನಡಿಗರೇ ಕನ್ನಡ ಧಾರಾವಾಹಿಯನ್ನು ಕನ್ನಡಿಗರಿಗಾಗಿ ಅಂತರ್ಜಾಲಕ್ಕೆ ಏರಿಸುವಾಗ ಶೀರ್ಷಿಕೆಯನ್ನು ಮಾತ್ರ ಇಂಗ್ಲಿಷಿನಲ್ಲಿ ಬರೆಯುವುದು ಏಕೆಂದು ನನಗೆ ಇವತ್ತಿಗೂ ಅರ್ಥವಾಗಿಲ್ಲ.

ಎರಡನೆಯದು ಆ್ಯಪ್. ಆ ಧಾರಾವಾಹಿಯ ಹಕ್ಕು ಯಾವ ವಾಹಿನಿಯದೋ ಅದರ ಆ್ಯಪ್ ಅನ್ನು ಇಳಿಸಿಕೊಂಡೆ. ದುಡ್ಡು ಕೊಡಲು ನಾನು ತಯಾರಿದ್ದೆ, ಇದನ್ನು ಒತ್ತಿ ಹೇಳುತ್ತೇನೆ. ಅದಕ್ಕೆ ದುಡ್ಡಿಗಿಂತ ಮೊದಲು ಭಾರತದ ಮೊಬೈಲ್ ಸಂಖ್ಯೆ ಬೇಕಿತ್ತು, ಒಟಿಪಿ ಕಳಿಸಲು. ನನ್ನ ಹಳೆಯ ಸಿಮ್ ಸತ್ತು ಎಷ್ಟೋ ವರ್ಷವಾಗಿದೆ. ಮೈಸೂರಿನ ಅಕ್ಕನ ಸಂಖ್ಯೆ ಕೊಟ್ಟೆ. ಇಲ್ಲಿ ರಾತ್ರಿ ಎಂಟು ಎಂದರೆ ಅಲ್ಲಿ ಒಂದೂವರೆ. ಅಕ್ಕ ಗಾಢ ನಿದ್ದೆಯಲ್ಲಿರುತ್ತಾಳೆ. ಭಾನುವಾರ ಬೆಳಿಗ್ಗೆ ಅವಳನ್ನು ಫೋನಿನಲ್ಲೇ ನಿಲ್ಲಿಸಿಕೊಂಡು ಮೂರನೆಯ ಪ್ರಯತ್ನದಲ್ಲಿ ಒಳಗೆ ಹೋದೆ. ಒಳಗೆ ಏನಿತ್ತು? ಈಗ ಪ್ರಸಾರವಾಗುತ್ತಿರುವ ಧಾರಾವಾಹಿಗಳ ಅತ್ತೆಯರು ಸಾಲಾಗಿ ಕಣ್ಣರಳಿಸಿ ನಿಂತಿದ್ದರು. ಹಳೆಯದರ ಸುಳಿವೇ ಇಲ್ಲ. ಒಂದು ಕಡೆ ಅದರ ಚಿತ್ರ ಕಾಣಿಸಿದಂತಾಯಿತು. ಒತ್ತಿದರೆ “ನಿಮ್ಮ ಪ್ರದೇಶದಲ್ಲಿ ಲಭ್ಯವಿಲ್ಲ”. ವಾಹಿನಿಗೆ ಇಮೇಲ್ ಬರೆದೆ, ಉತ್ತರವಿಲ್ಲ. ಆ ವಲಯದಲ್ಲಿ ಕೆಲಸ ಮಾಡುವ ಪರಿಚಿತರೊಬ್ಬರನ್ನು ಕೇಳಿದೆ. “ಅದನ್ನೆಲ್ಲ ಈಗ ಯಾರು ನೋಡುತ್ತಾರೆ ಸಾರ್?” ಎಂದರು. ನಾನು ನೋಡುತ್ತೇನೆ ಎಂದು ಕೇಳಿಕೊಂಡು ಬಂದವನಿಗೇ ಈ ಪ್ರಶ್ನೆ!

ಕೊನೆಗೆ ಸಿಕ್ಕಿತು. ಯೂಟ್ಯೂಬ್‌ನಲ್ಲಿ, ಯಾವನೋ ಪುಣ್ಯಾತ್ಮನ ಖಾತೆಯಲ್ಲಿ. ಮನೆಯ ಟಿ.ವಿ.ಯಿಂದ ವಿಸಿಆರ್‌ಗೆ ಮುದ್ರಿಸಿಕೊಂಡ ಕ್ಯಾಸೆಟ್‌ಗಳಿಂದ ಏರಿಸಿದ್ದು. ಮಸುಕಾಗಿದೆ, ತಳದಲ್ಲಿ ಆ ಕಾಲದ ಚಂಡಮಾರುತದ ಎಚ್ಚರಿಕೆ ಓಡುತ್ತಿದೆ, ಮಧ್ಯೆ ಮಧ್ಯೆ ಅರ್ಧ ಕತ್ತರಿಸಿದ ಸೋಪಿನ ಜಾಹೀರಾತು. ಇರಲಿ. ಅಮ್ಮನನ್ನು ಕೂರಿಸಿದೆ, ಎದುರು ಮನೆ ಅಜ್ಜಿಯನ್ನು ಕರೆದೆ, ಸಬ್‌ಟೈಟಲ್ ಕೆಲಸಕ್ಕೆ ನಾನೇ ನಿಂತೆ.

ಮೊದಲ ಕಂತಿನಲ್ಲಿ ಮನೆಯ ಹಿರಿಯ ಮಗನ ನಿಶ್ಚಿತಾರ್ಥದ ಊಟ. ಉದ್ದ ಪಂಕ್ತಿ, ಬಾಳೆಯೆಲೆ. ಅಮ್ಮ ಇದ್ದಕ್ಕಿದ್ದಂತೆ ಮುಂದಕ್ಕೆ ಬಾಗಿದಳು. “ಅಯ್ಯೋ, ಇದೇನೋ ಇದು? ಶುಭಕಾರ್ಯದ ಮನೆಯಲ್ಲಿ ಎಲ್ಲರೂ ಎಡಗೈಯಲ್ಲಿ ಉಣ್ಣುತ್ತಿದ್ದಾರಲ್ಲ!” ನೋಡುತ್ತೇನೆ: ಹೌದು. ಪಂಕ್ತಿಗೆ ಪಂಕ್ತಿಯೇ ಎಡಗೈಯಲ್ಲಿ ಕಲಸುತ್ತಿದೆ. ಬಡಿಸುವವನು ಎಡಗೈಯಲ್ಲಿ ಸೌಟು ಹಿಡಿದಿದ್ದಾನೆ. ಹೆಂಗಸರ ಸೆರಗೆಲ್ಲ ಬಲ ಹೆಗಲ ಮೇಲೆ. ಪುರೋಹಿತರ ಜನಿವಾರವನ್ನು ಕಂಡು ಅಮ್ಮ ಇನ್ನಷ್ಟು ಗಾಬರಿಯಾದಳು. “ಇವರ ಮನೆಯಲ್ಲಿ ಏನು ನಡೆಯುತ್ತಿದೆ, ನಿಶ್ಚಿತಾರ್ಥವೋ ತಿಥಿಯೋ?” ಗೋಡೆಯ ಕ್ಯಾಲೆಂಡರಿನ ಅಕ್ಷರಗಳು ತಿರುಗುಮುರುಗಾದದ್ದು ಕಂಡಾಗ ವಿಷಯ ಹೊಳೆಯಿತು. ಹಕ್ಕುದಾರರ ವಿಡಿಯೊ ಯಾರಾದರೂ ಏರಿಸಿದ್ದಾರೆಯೇ ಎಂದು ಯೂಟ್ಯೂಬ್‌ನ ಯಂತ್ರ ತಾನೇ ಹುಡುಕುತ್ತದಲ್ಲ, ಅದರ ಕಣ್ಣು ತಪ್ಪಿಸಲು ಆ ಪುಣ್ಯಾತ್ಮ ಇಡೀ ಧಾರಾವಾಹಿಯನ್ನು ಕನ್ನಡಿಯಲ್ಲಿ ಕಂಡಂತೆ ಮಗುಚಿ ಹಾಕಿದ್ದ! ಇಂಥ ಯುಕ್ತಿ ಎಷ್ಟು ದಿನ ನಡೆಯುತ್ತದೋ ಅಷ್ಟು ದಿನ ಧಾರಾವಾಹಿ ಇರುತ್ತದೆ. ಹೆಸರು ಬರೆಯುವುದಿಲ್ಲ ಎಂದದ್ದು ಇದಕ್ಕೇ.

ಎದುರು ಮನೆ ಅಜ್ಜಿ ಮಾತ್ರ ಏನೂ ಗೊತ್ತಾಗದೆ ಬಾಳೆಯೆಲೆಯ ಊಟವನ್ನು ಮೆಚ್ಚಿಕೊಂಡು ನೋಡುತ್ತಿದ್ದರು. ಭಾರತೀಯರು ಎಡಗೈಯಲ್ಲಿ ಉಣ್ಣುತ್ತಾರೆ ಎಂದು ಅವರು ಎಲ್ಲಿಯಾದರೂ ಹೇಳಿದರೆ ಅದರ ಹೊಣೆ ನನ್ನದು.

ನನಗೆ ಸಿಟ್ಟು ಬಂದದ್ದು ಆ ಪುಣ್ಯಾತ್ಮನ ಮೇಲಲ್ಲ. ನಾವು ಎಂಥ ಜನ ನೋಡಿ: ಖಾಲಿ ಹಾರ್ಲಿಕ್ಸ್ ಬಾಟಲಿಯನ್ನು ಎಸೆಯುವುದಿಲ್ಲ, ಅದರಲ್ಲಿ ಮೆಂತ್ಯ ತುಂಬಿಡುತ್ತೇವೆ. ಮೂವತ್ತು ವರ್ಷದ ಹಿಂದಿನ ಲಗ್ನಪತ್ರಿಕೆಗಳು ಇವತ್ತಿಗೂ ಅಟ್ಟದಲ್ಲಿವೆ. ಆದರೆ ರಾಜ್ಯಕ್ಕೆ ರಾಜ್ಯವೇ ಕೂತು ನೋಡಿದ ನೂರಾರು ಕಂತುಗಳ ಧಾರಾವಾಹಿಯನ್ನು ಎಲ್ಲಿಟ್ಟೆವು ಎಂದು ನೆನಪಿಟ್ಟುಕೊಳ್ಳುವುದು ಮಾತ್ರ ಯಾರ ಕೆಲಸವೂ ಅಲ್ಲ. ಸಿನಿಮಾಗಾದರೆ 1964ರಿಂದ ಪುಣೆಯಲ್ಲಿ ರಾಷ್ಟ್ರೀಯ ಸಂಗ್ರಹಾಲಯವಿದೆ. ಖಾಸಗಿ ವಾಹಿನಿಯ ಧಾರಾವಾಹಿ ಯಾರ ಕೂಸು? ನಿರ್ಮಾಪಕ ಕಂತಿಗೆ ಇಷ್ಟೆಂದು ಹಣ ಪಡೆದು ಹಕ್ಕು ಬಿಟ್ಟುಕೊಟ್ಟಿರುತ್ತಾನೆ. ವಾಹಿನಿ ಕೈ ಬದಲಾಯಿಸಿರುತ್ತದೆ, ಹೆಸರು ಬದಲಾಯಿಸಿರುತ್ತದೆ. ಈಟಿವಿ ಕನ್ನಡ 2015ರಲ್ಲಿ ಕಲರ್ಸ್ ಕನ್ನಡವಾದದ್ದು ಎಲ್ಲರಿಗೂ ನೆನಪಿದೆಯಲ್ಲ. ಇಂಟರ್‌ನೆಟ್ ಎಂಬ ಪದವೇ ಇಲ್ಲದ ಹಳೆಯ ಕರಾರುಪತ್ರಗಳನ್ನು ಮುಂದಿಟ್ಟುಕೊಂಡು, ನಟರಿಗೆ ಎಷ್ಟು, ಶೀರ್ಷಿಕೆ ಗೀತೆ ಬರೆದವರಿಗೆ ಎಷ್ಟು ಎಂದು ಲೆಕ್ಕ ಬಿಡಿಸುವ ತಲೆನೋವು ಯಾರಿಗೆ ಬೇಕು? ಸುಮ್ಮನೆ ಬೀಗ ಹಾಕಿಡುವುದೇ ಸುಲಭ. ನಮ್ಮ ಕೃತಿಸ್ವಾಮ್ಯ ಕಾನೂನಿನಲ್ಲಿ ಚಲನಚಿತ್ರದ ಹಕ್ಕು ಅರವತ್ತು ವರ್ಷ. ಧಾರಾವಾಹಿಯೂ ಅದೇ ಲೆಕ್ಕಕ್ಕೆ ಬರುತ್ತದೆ. 1998ರಲ್ಲಿ ಪ್ರಸಾರವಾದ ಧಾರಾವಾಹಿಯನ್ನು ಕಾನೂನು 2058ರ ಕೊನೆಯವರೆಗೆ ಕಾಯುತ್ತದೆ. ಮಳೆಗಾಲದಲ್ಲಿ ಬೂಷ್ಟು ಹಿಡಿದ ಕ್ಯಾಸೆಟ್ ಅಷ್ಟು ದಿನ ಕಾಯುತ್ತದೆಯೇ?

ಇಲ್ಲಿಯವರ ರೀತಿಯೇ ಬೇರೆ. 1990ರ ಪ್ರಸಾರ ಕಾಯ್ದೆಯಲ್ಲೇ ರಾಷ್ಟ್ರೀಯ ಟೆಲಿವಿಷನ್ ಸಂಗ್ರಹಕ್ಕೆ ಜಾಗ ಮಾಡಿದ್ದಾರೆ. ಖಾಸಗಿ ವಾಹಿನಿಗಳು ಅದಕ್ಕೆ ಹಣ ಕೊಡಬೇಕು, ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಕಾದಿಡಬೇಕು. ಬಿಬಿಸಿಯ ಐಪ್ಲೇಯರ್ ಎಂಬ ಆ್ಯಪ್ ತೆರೆದರೆ ನಾನು ಹುಟ್ಟುವ ಮುಂಚಿನ ನಾಟಕಗಳು ಸಿಗುತ್ತವೆ. 1963ರಲ್ಲಿ ಶುರುವಾದ ‘ಡಾಕ್ಟರ್ ಹೂ’ ಎಂಬ ಬಿಬಿಸಿ ಧಾರಾವಾಹಿಗೆ ಅರವತ್ತು ತುಂಬಿದ ಸಂದರ್ಭದಲ್ಲಿ, 2023ರ ನವೆಂಬರ್‌ನಲ್ಲಿ, ಎಂಟುನೂರಕ್ಕೂ ಹೆಚ್ಚು ಕಂತುಗಳನ್ನು ಒಂದೇ ಸಲ ಇಟ್ಟರು. ಇದಕ್ಕೆ ನಾನು ಟಿ.ವಿ. ಲೈಸೆನ್ಸ್ ಕಟ್ಟುತ್ತೇನೆ; 2025ರ ಏಪ್ರಿಲ್‌ನಲ್ಲಿ ಅದು ವರ್ಷಕ್ಕೆ 174.50 ಪೌಂಡ್ ಆಯಿತು. ಗೊಣಗಿಕೊಂಡೇ ಕಟ್ಟುತ್ತೇನೆ. ಅಪ್ಪನೂ ರೇಡಿಯೊ ಲೈಸೆನ್ಸಿನ ಪುಟ್ಟ ಪುಸ್ತಕ ಹಿಡಿದು ಅಂಚೆ ಕಚೇರಿಯಲ್ಲಿ ಹೀಗೆಯೇ ಗೊಣಗುತ್ತಾ ನಿಲ್ಲುತ್ತಿದ್ದ. ಆದರೆ ಗೊಣಗುವ ಮನುಷ್ಯನಿಗೆ ಕೇಳುವ ಹಕ್ಕೂ ಇರುತ್ತದೆ. ನನ್ನ ಇಮೇಲಿಗೆ ಉತ್ತರ ಬಾರದಿದ್ದಾಗ ನಾನು ಯಾವ ರಸೀದಿ ತೋರಿಸಿ ಕೇಳಬೇಕಿತ್ತು?

ಇದನ್ನೆಲ್ಲ ಮೈಸೂರಿನ ಅಕ್ಕನ ಮುಂದೆ ಫೋನಿನಲ್ಲಿ ಒದರಿದೆ. ಅವಳು ಕೇಳಿಸಿಕೊಂಡು, “ನೀನು ಹೊಗಳುವ ಆ ಐಪ್ಲೇಯರ್ ಇಲ್ಲಿ ತೆರೆಯುವುದೇ ಇಲ್ಲ ಕಣೋ. ನಮ್ಮ ಪ್ರದೇಶದಲ್ಲೂ ಲಭ್ಯವಿಲ್ಲವಂತೆ” ಎಂದಳು. ಅದು ನಿಜ.

ಇನ್ನೂ ಕೆಲವು ನಿಜಗಳಿವೆ, ಹೇಳದಿದ್ದರೆ ಅನ್ಯಾಯವಾದೀತು. ಬಿಬಿಸಿಯವರೂ ಮಹಾ ಸಾಧುಗಳೇನಲ್ಲ. ಟೇಪು ದುಬಾರಿ, ಜಾಗ ಕಡಿಮೆ ಎಂದು ಅರವತ್ತು ಎಪ್ಪತ್ತರ ದಶಕಗಳಲ್ಲಿ ತಮ್ಮದೇ ಕಾರ್ಯಕ್ರಮಗಳನ್ನು ಅಳಿಸಿ ಹಾಕಿದವರು. ಎಂಟುನೂರು ಕಂತುಗಳೆಂದು ನಾನು ಬೀಗಿದ ‘ಡಾಕ್ಟರ್ ಹೂ’ನ ಮೊದಲ ವರ್ಷಗಳ ಎಷ್ಟೋ ಕಂತುಗಳು ಹಾಗೆಯೇ ಹೋದವು. ಒಂಬತ್ತು ಕಂತುಗಳು ಸಿಕ್ಕಿದ ಸುದ್ದಿ 2013ರಲ್ಲಿ ಬಂತು. ಸಿಕ್ಕಿದ್ದು ಲಂಡನ್ನಿನಲ್ಲಲ್ಲ, ನೈಜೀರಿಯಾದ ಜೋಸ್ ಎಂಬ ಊರಿನ ಟಿ.ವಿ. ಕೇಂದ್ರದಲ್ಲಿ. ಇನ್ನು ಕೆಲವನ್ನು ಆ ಕಾಲದ ಅಭಿಮಾನಿಗಳು ಟಿ.ವಿ.ಯ ಮುಂದೆ ಟೇಪ್ ರೆಕಾರ್ಡರ್ ಇಟ್ಟು ಹಿಡಿದುಕೊಂಡಿದ್ದ ಧ್ವನಿಯಿಂದಷ್ಟೇ ಬಲ್ಲೆವು. ಅಂದರೆ ಅವರಿಗೂ ಒಬ್ಬ ಪುಣ್ಯಾತ್ಮ ಬೇಕಾದ.

ನಮ್ಮಲ್ಲೂ ಎಲ್ಲ ಕಳೆದುಹೋಗಿದೆ ಎನ್ನುವ ಹಾಗಿಲ್ಲ. ಟಿ.ಎನ್. ಸೀತಾರಾಮ್, ಪಿ. ಶೇಷಾದ್ರಿ, ನಾಗೇಂದ್ರ ಶಾ ಸೇರಿ ನಿರ್ದೇಶಿಸಿದ ‘ಮಾಯಾಮೃಗ’ ಯೂಟ್ಯೂಬ್‌ಗೆ ಬಂದದ್ದು ಸೀತಾರಾಮ್ ಅವರ ಕಡೆಯಿಂದಲೇ. ಒಟಿಪಿ ಬೇಡ, ಅಕ್ಕನನ್ನು ಎಬ್ಬಿಸುವುದು ಬೇಡ. ಅದರಲ್ಲಿ ಎಲ್ಲರೂ ಬಲಗೈಯಲ್ಲೇ ಉಣ್ಣುತ್ತಾರೆ. ಮುಂಬಯಿ ಕನ್ನಡಿಗರಾಗಿದ್ದ ಸದಾನಂದ ಸುವರ್ಣರ ‘ಗುಡ್ಡದ ಭೂತ’ವೂ ಸಿಗುತ್ತದೆ; ಪ್ರಕಾಶ್ ರೈ ಇನ್ನೂ ಹುಡುಗನಂತಿದ್ದ ಕಾಲದ್ದು. ಆಗುಂಬೆಯಲ್ಲಿ ಶಂಕರ್ ನಾಗ್ ಚಿತ್ರಿಸಿದ ‘ಮಾಲ್ಗುಡಿ ಡೇಸ್’ ಅನ್ನು ನನ್ನ ಮಗಳು ಇಲ್ಲೇ ನೋಡಿದ್ದಾಳೆ, ಹಿಂದಿಯಲ್ಲಿ. ಪ್ರಸಾರ ಭಾರತಿಯವರು 2024ರ ನವೆಂಬರ್‌ನಲ್ಲಿ ‘ವೇವ್ಸ್’ ಎಂಬ ತಮ್ಮದೇ ಆ್ಯಪ್ ತಂದು ಹಳೆಯ ದೂರದರ್ಶನದ ಗಂಟು ಬಿಚ್ಚಿದ್ದಾರೆ. ಸರ್ಕಾರದವರೇ ಇಷ್ಟು ಮಾಡಿದ ಮೇಲೆ ಖಾಸಗಿಯವರಿಗೇನು ಧಾಡಿ ಎಂಬ ಪ್ರಶ್ನೆ ಹಾಗೇ ಇದೆ. ಈ ವಿಷಯದಲ್ಲಿ ನಾನು ಸಿಟ್ಟು ಬಿಡುವವನಲ್ಲ.

ಎದುರು ಮನೆ ಅಜ್ಜಿಯ ಡಿವಿಡಿಯಲ್ಲಿ ಸಿಗದ ಒಂದು ಸಂಗತಿ ನಮ್ಮ ಪುಣ್ಯಾತ್ಮನ ಖಾತೆಯಲ್ಲಿತ್ತು ಎಂಬುದನ್ನೂ ಒಪ್ಪಬೇಕು. ಪ್ರತಿ ಕಂತಿನ ಕೆಳಗೆ ಜನ ಬರೆದಿದ್ದರು. ಬಾಣಂತನಕ್ಕೆ ತವರಿಗೆ ಹೋದಾಗ ನೋಡುತ್ತಿದ್ದೆ ಎಂದು ಒಬ್ಬರು. ಪಕ್ಕದ ಮನೆಯ ಕಿಟಕಿಯ ಹೊರಗೆ ನಿಂತು ನೋಡುತ್ತಿದ್ದೆ ಎಂದು ಇನ್ನೊಬ್ಬರು. ಮತ್ತೊಬ್ಬರು ಕೆನಡಾದಿಂದ, ‘ನನ್ನ ಅತ್ತೆ ಇದರ ಕೊನೆಯ ಕಂತು ನೋಡುವ ಮೊದಲೇ ತೀರಿಕೊಂಡರು, ದಯವಿಟ್ಟು ಕೊನೆಯ ಕಂತು ಹಾಕಿ’ ಎಂದು. ಕೊನೆಯ ಕಂತು ಇರಲಿಲ್ಲ. ನಲವತ್ತೊಂದನೆಯದೂ ಇರಲಿಲ್ಲ, ಕರೆಂಟ್ ಹೋಗಿತ್ತಂತೆ, ಆತನೇ ಬರೆದುಕೊಂಡಿದ್ದ.

ಆ ನಲವತ್ತೊಂದನ್ನು ಅಮ್ಮ ಬಾಯಲ್ಲೇ ಹೇಳಿದಳು. ಎದುರು ಮನೆ ಅಜ್ಜಿಗಾಗಿ ನಾನು ಇಂಗ್ಲಿಷಿನಲ್ಲಿ ತಿರುಗಿಸುತ್ತಾ ಹೋದೆ. ಕಿರಿಯ ಸೊಸೆ ಒಡವೆ ಡಬ್ಬಿಯನ್ನು ಬಾವಿಗೆ ಎಸೆದದ್ದು, ಮಾವ ಮಳೆಯಲ್ಲಿ ನಿಂತು ಅತ್ತದ್ದು, ಹಿನ್ನೆಲೆಯಲ್ಲಿ ಶೆಹನಾಯಿ. ಅಜ್ಜಿ ಕಣ್ಣೊರೆಸಿಕೊಂಡರು. ಅಮ್ಮ ಊರಿಗೆ ಮರಳಿದ ಎಷ್ಟೋ ತಿಂಗಳ ಮೇಲೆ ಬೇರೆ ಯಾರೋ ಅದೇ ನಲವತ್ತೊಂದನ್ನು ಏರಿಸಿದರು, ಈ ಸಲ ನೆಟ್ಟಗೆ, ಸೆರಗು ಎಡ ಹೆಗಲ ಮೇಲೆಯೇ. ಕೊಂಡಿಯನ್ನು ಅಮ್ಮನಿಗೆ ಕಳಿಸಿದೆ. ಅದರಲ್ಲಿ ಬಾವಿಯೂ ಇಲ್ಲ, ಮಳೆಯೂ ಇಲ್ಲ. ಕಂತಿನುದ್ದಕ್ಕೂ ಬ್ಯಾಂಕಿನಲ್ಲಿ ಸಾಲದ ಮಾತುಕತೆ.

ಅಮ್ಮ ಪೂರ್ತಿ ನೋಡಿ ಫೋನ್ ಮಾಡಿದಳು. “ಆಮೇಲೆ ಬದಲಾಯಿಸಿಬಿಟ್ಟಿದ್ದಾರೆ ಕಣೋ” ಎಂದಳು.