ಕರ್ನಲ್ ಜುಟ್ಟು, ಜನರಲ್ ಪಿಂಚಣಿ

1801ರ ಏಪ್ರಿಲ್ 30ರಂದು ಅಮೆರಿಕದ ಸೇನೆಗೆ ಒಂದು ಆದೇಶ ಹೊರಟಿತು: ಎಲ್ಲರೂ ಜುಟ್ಟು ಕತ್ತರಿಸಿಕೊಳ್ಳಿ. ಹೊರಡಿಸಿದವರು ಸೇನೆಯ ಹಿರಿಯ ಅಧಿಕಾರಿ, ಬ್ರಿಗೇಡಿಯರ್ ಜನರಲ್ ಜೇಮ್ಸ್ ವಿಲ್ಕಿನ್ಸನ್. ಶಿಸ್ತು ಅಂದರೆ ಶಿಸ್ತು. ಸಾಹೇಬರ ಸ್ವಂತ ಜುಟ್ಟು ಮಾತ್ರ ಆಗಲೇ ಸ್ಪೇನ್ ದೊರೆಯ ಕೈಯಲ್ಲಿತ್ತು.

ಸ್ವಾತಂತ್ರ್ಯ ಯುದ್ಧದ ಕಾಲದಲ್ಲಿ ಸೇನೆಗೆ ಬಟ್ಟೆಬರೆ ಒದಗಿಸುವ ಹುದ್ದೆ ಇವರದ್ದು. ಲೆಕ್ಕ ತಾಳೆಯಾಗದೆ 1781ರಲ್ಲಿ ಅದನ್ನು ಬಿಟ್ಟರು. ಆಮೇಲೆ ಕೆಂಟಕಿಯಲ್ಲಿ ವ್ಯಾಪಾರ, ರಾಜಕೀಯ. 1787ರಲ್ಲಿ ನ್ಯೂ ಆರ್ಲಿಯನ್ಸ್‌ಗೆ ಹೋದವರು ಅಲ್ಲಿನ ಸ್ಪ್ಯಾನಿಷ್ ಗವರ್ನರ್ ಎಸ್ತೆಬಾನ್ ಮಿರೋಗೆ ಸ್ಪೇನ್ ನಿಷ್ಠೆಯ ಪ್ರಮಾಣ ಬರೆದುಕೊಟ್ಟೇ ಬಂದರು. ವರ್ಷಕ್ಕೆ 2,000 ಡಾಲರ್ ಪಿಂಚಣಿ ಗೊತ್ತಾಯಿತು. ಸ್ಪೇನಿನ ಕಡತದಲ್ಲಿ ಅವರು ಬರೀ 'ನಂಬರ್ 13'. ಒಮ್ಮೆಯಂತೂ ದುಡ್ಡು ಸಕ್ಕರೆ, ಕಾಫಿ ಪೀಪಾಯಿಗಳಲ್ಲಿ ಅವಿತು ಬಂತು. ಇಷ್ಟೆಲ್ಲ ಅರ್ಹತೆ ಇದ್ದವರನ್ನು ಸೇನೆಗೆ ವಾಪಸ್ ಕರೆದುಕೊಳ್ಳದೆ ಇರೋಕಾಗುತ್ತಾ? 1791ರಲ್ಲಿ ಕರೆದುಕೊಂಡರು. 1796ರ ಕೊನೆಗೆ ಅವರೇ ಎಲ್ಲರಿಗಿಂತ ಮೇಲೆ.

ಈಗ ಜುಟ್ಟಿನ ವಿಷಯ. ಕರ್ನಲ್ ಥಾಮಸ್ ಬಟ್ಲರ್ ಅಂತ ಒಬ್ಬರಿದ್ದರು. ಸ್ವಾತಂತ್ರ್ಯ ಯುದ್ಧದಲ್ಲಿ ಕಾದಿದವರು. ಐವರು ಅಣ್ಣತಮ್ಮಂದಿರದ್ದೂ ಸಿಪಾಯಿ ಬದುಕು. ಕೂದಲು ನನ್ನದು, ಕತ್ತರಿಸಲ್ಲ ಅಂದರು. ಬಂತು ನೋಡಿ ಕೋಪ! 1803ರಲ್ಲಿ ಸೇನಾ ನ್ಯಾಯಾಲಯ ಕೂತು ಛೀಮಾರಿ ಹಾಕಿತು. ಜುಟ್ಟು ಅಲ್ಲಾಡಲಿಲ್ಲ. ಮತ್ತೆ ಬಂಧನ, 1805ರಲ್ಲಿ ಮತ್ತೆ ವಿಚಾರಣೆ. ಮುಂದೆ ಅಧ್ಯಕ್ಷರಾದ ಆಂಡ್ರೂ ಜಾಕ್ಸನ್ ಕೂಡ ಬಟ್ಲರ್ ಪರ ನಿಂತು ಅರ್ಜಿ ಗುಜರಾಯಿಸಿದರು. ಪ್ರಯೋಜನವಾಗಲಿಲ್ಲ. ಸಂಬಳವಿಲ್ಲದೆ ಒಂದು ವರ್ಷ ಅಮಾನತು ಅಂತಾಯಿತು. ಆದರೆ ಶಿಕ್ಷೆಗಿಂತ ಮೊದಲು ಜ್ವರ ಬಂದು ಕರ್ನಲ್ ತೀರಿಕೊಂಡರು. ಶವಪೆಟ್ಟಿಗೆಗೆ ತೂತು ಕೊರೆದು ಜುಟ್ಟನ್ನು ಹೊರಗೆ ಇಳಿಬಿಡಿ, ಜನರಲ್ ನೋಡಲಿ ಅಂತ ಹೇಳಿಹೋದರು ಅನ್ನುವ ಕಥೆ ಇದೆ. ಕಥೆ ನಿಜವೋ ಸುಳ್ಳೋ, ನನಗಂತೂ ಇಷ್ಟ.

ಆ ಎರಡು ವಿಚಾರಣೆಗಳ ನಡುವೆ ಜನರಲ್ ಸಾಹೇಬರು ಏನು ಮಾಡುತ್ತಿದ್ದರು? 1804ರಲ್ಲಿ ಸ್ಪೇನಿಗೆ ಸಲಹೆಗಳ ಪಟ್ಟಿ ಬರೆಯುತ್ತಿದ್ದರು. ಪಶ್ಚಿಮಕ್ಕೆ ದಾರಿ ಹುಡುಕಲು ಅಧ್ಯಕ್ಷ ಜೆಫರ್ಸನ್ ಕಳಿಸಿದ್ದ ಲೂಯಿಸ್-ಕ್ಲಾರ್ಕ್ ತಂಡವನ್ನು ಹಿಡಿಯಿರಿ ಅನ್ನುವ ಸಲಹೆಯೂ ಅದರಲ್ಲಿತ್ತು. ಈ ಸೇವೆಗೆ 12,000 ಡಾಲರ್ ಬಂತು. ಮರುವರ್ಷ ಅದೇ ಜೆಫರ್ಸನ್ ಇವರನ್ನು ಲೂಯಿಸಿಯಾನ ಪ್ರಾಂತ್ಯದ ಗವರ್ನರ್ ಮಾಡಿದರು. ಎರಡೂ ಕಡೆ ಇಷ್ಟು ನಂಬಿಕೆ ಗಳಿಸುವುದು ಸುಮ್ನೆ ಅಲ್ಲ.

1809ರಲ್ಲಿ ನ್ಯೂ ಆರ್ಲಿಯನ್ಸ್ ಕೆಳಗಿನ ಜೌಗಿನಲ್ಲಿ ಎರಡು ಸಾವಿರದಷ್ಟು ಸಿಪಾಯಿಗಳನ್ನು ಬೀಡು ಬಿಡಿಸಿದರು. ಜಾಗ ಖಾಲಿ ಮಾಡಿ ಅಂತ ಸರ್ಕಾರ ಬರೆದರೂ ಕದಲಲಿಲ್ಲ. ಹಾಳಾದ ಊಟ, ಸೊಳ್ಳೆ, ಜ್ವರ. ಸತ್ತವರು, ಓಡಿಹೋದವರು ಸೇರಿ ಹತ್ತಿರ ಹತ್ತಿರ ಅರ್ಧ ದಂಡು ಕರಗಿತು. ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ ಅಂತಾರಲ್ಲ, ಆ ಪಾಪದವರಿಗೆ ಜುಟ್ಟೂ ಇರಲಿಲ್ಲ.

ಕೊನೆಗೆ 1811ರಲ್ಲಿ ಜನರಲ್ ಸಾಹೇಬರನ್ನೇ ಸೇನಾ ನ್ಯಾಯಾಲಯದ ಮುಂದೆ ನಿಲ್ಲಿಸಿದರು. ಸ್ಪೇನ್ ದುಡ್ಡಾ? ಅದು ಹಳೇ ಹೊಗೆಸೊಪ್ಪಿನ ಬಾಕಿ ಸ್ವಾಮಿ! ಕ್ರಿಸ್‌ಮಸ್ ದಿನ ತೀರ್ಪು ಬಂತು: ನಿರ್ದೋಷಿ. ಅಧ್ಯಕ್ಷ ಮ್ಯಾಡಿಸನ್ 'ವಿಷಾದದಿಂದ' ಒಪ್ಪಿ ರುಜು ಹಾಕಿದರು. ವಿಷಾದ ಎಷ್ಟು ಜಾಸ್ತಿ ಇತ್ತೆಂದರೆ 1813ರಲ್ಲಿ ಮೇಜರ್ ಜನರಲ್ ಆಗಿ ಬಡ್ತಿಯನ್ನೂ ಕೊಟ್ಟರು. ಅದೇ ನವೆಂಬರ್‌ನಲ್ಲಿ ಕ್ರೈಸ್ಲರ್ಸ್ ಫಾರ್ಮ್ ಎಂಬಲ್ಲಿ ಇವರ ಸೇನೆ ತನಗಿಂತ ತುಂಬಾ ಚಿಕ್ಕದಾದ ಬ್ರಿಟಿಷ್ ಪಡೆಯ ಕೈಯಲ್ಲಿ ಸೋತಿತು. 1815ರಲ್ಲಿ ಅದಕ್ಕೂ ವಿಚಾರಣೆ ಆಯಿತು. ತೀರ್ಪು ಏನು ಬಂತು ಅಂತ ಬೇರೆ ಹೇಳಬೇಕಾ?