ಬಾಕಿ ಇಟ್ಟವರಿಗೆ ಸ್ವಾಗತ

ಮಾಗಡಿ ರಸ್ತೆಯ ಜಿ.ಟಿ. ಮಾಲ್ ಪ್ರಕರಣ ಎಲ್ಲರಿಗೂ ಗೊತ್ತಿರುವುದೇ. 2024ರ ಜುಲೈ. ಹಾವೇರಿ ಕಡೆಯ ರೈತರೊಬ್ಬರು ಮಗನ ಜೊತೆ ಸಿನಿಮಾ ನೋಡಲು ಬಂದಿದ್ದರು. ಟಿಕೆಟ್ ಇತ್ತು. ಪಂಚೆಯೂ ಇತ್ತು. ಬಾಗಿಲಲ್ಲಿ ಟಿಕೆಟ್ ಯಾರ ಕಣ್ಣಿಗೂ ಬೀಳಲಿಲ್ಲ, ಪಂಚೆ ಮಾತ್ರ ಕಣ್ಣಿಗೆ ಬಿತ್ತು. ಒಳಗೆ ಬಿಡಲಿಲ್ಲ.

ಮುಂದಿನದು ನಮ್ಮ ರಾಜ್ಯಕ್ಕೆ ಬಾಯಿಪಾಠ. ವಿಡಿಯೊ ಹರಿದಾಡಿತು. ಸಂಘಟನೆಗಳು ಬಂದವು. ಮಾಲ್‌ನವರು ಕ್ಷಮೆ ಕೇಳಿ ಶಾಲು ಹೊದಿಸಿದರು. ಬೇರೆ ಯಾವ ವಿಷಯಕ್ಕೂ ಒಂದಾಗದ ನಮ್ಮ ವಿಧಾನಸಭೆ ಪಕ್ಷಭೇದ ಮರೆತು ಸಿಟ್ಟಾಯಿತು. ಸರ್ಕಾರ ಮಾಲ್‌ಗೆ ಏಳು ದಿನ ಬೀಗ ಅಂತ ಘೋಷಿಸಿತು.

ಏಳೇ ದಿನ ಯಾಕೆ ಅಂತ ನಾನು ಆಗಲೇ ತಲೆ ಕೆಡಿಸಿಕೊಂಡಿದ್ದೆ. ಪಂಚೆಗೆ ಏಳು ದಿನ ಆದರೆ ಲುಂಗಿಗೆ ಎಷ್ಟು? ಕಚ್ಚೆ ಪಂಚೆಗೆ ಒಂದೆರಡು ದಿನ ಹೆಚ್ಚುವರಿ ಉಂಟೋ? ಯಾವ ಸಚಿವರೂ ಇದನ್ನು ಬಿಡಿಸಿ ಹೇಳಲಿಲ್ಲ. ಆದರೆ ಬೀಗ ಹಾಕಲು ಹೊರಟಾಗ ಒಂದು ಸ್ವಾರಸ್ಯ ಹೊರಬಿತ್ತು. ಆ ಮಾಲ್ ಪಾಲಿಕೆಗೆ ಸುಮಾರು 1.78 ಕೋಟಿ ರೂಪಾಯಿ ಆಸ್ತಿ ತೆರಿಗೆ ಬಾಕಿ ಇಟ್ಟುಕೊಂಡಿತ್ತಂತೆ! ಅಂದರೆ ಅಂದು ಆ ಬಾಗಿಲಲ್ಲಿ ಎರಡು ಪಕ್ಷಗಳಿದ್ದವು. ಕೊಡಬೇಕಾದ್ದನ್ನು ಮೊದಲೇ ಕೊಟ್ಟು ಬಂದದ್ದು ಒಂದು, ಕೊಡದೇ ಕೂತಿದ್ದು ಇನ್ನೊಂದು. ಕೊಡದವರು ಕೊಟ್ಟವರನ್ನು ಹೊರಗೆ ನಿಲ್ಲಿಸಿದರು. ಆ ರೈತರ ಪಂಚೆ ಬೀದಿಗೆ ಬರದಿದ್ದರೆ ಆ ತೆರಿಗೆ ಇನ್ನೂ ಎಷ್ಟು ಕಾಲ ಮಲಗಿರುತ್ತಿತ್ತೋ. ಪಾಲಿಕೆಯ ಕಂದಾಯ ವಿಭಾಗದವರು ಪ್ರತಿ ವಾರ್ಡ್‌ಗೂ ಒಬ್ಬೊಬ್ಬ ಪಂಚೆ ಉಟ್ಟ ರೈತರನ್ನು ನೇಮಿಸಿ, ಮಾಲ್ ಮಾಲ್‌ಗೂ ಕಳಿಸಿದ್ದರೆ ವಸೂಲಿ ಎಲ್ಲಿಗೋ ಹೋಗುತ್ತಿತ್ತು.

ಬಾಕಿಯ ಮಾತು ಬಂತಲ್ಲ, ಬೆಂಗಳೂರು ಈ ವಿಷಯದಲ್ಲಿ ಮೊದಲಿಂದಲೂ ದೊಡ್ಡ ಮನಸ್ಸಿನ ಊರು. 1896ರಲ್ಲಿ ವಿನ್ಸ್ಟನ್ ಚರ್ಚಿಲ್ ಎಂಬ ಬಿಳಿ ಹುಡುಗ ಸೈನ್ಯದ ಕೆಲಸಕ್ಕೆ ದಂಡು ಪ್ರದೇಶಕ್ಕೆ ಬಂದ. ಇವತ್ತು ನಾವು ಬೆಂಗಳೂರು ಕ್ಲಬ್ ಅನ್ನುವ ಕಡೆ ಲೆಕ್ಕ ಬರೆಸಿದ. ಹೋಗುವಾಗ 13 ರೂಪಾಯಿ ಬಾಕಿ ಉಳಿಸಿ ಹೋದ. ನಮ್ಮ ಬೀದಿಯ ಕಿರಾಣಿ ಅಂಗಡಿಯಲ್ಲಿ ಹೀಗೆ ಮಾಡಿದರೆ ಶೆಟ್ಟರು ಮೂರು ತಲೆಮಾರನ್ನು ನಿಲ್ಲಿಸಿಕೊಂಡು ಬೈಯುತ್ತಾರೆ. ಕ್ಲಬ್ಬಿನವರು ಆ ಲೆಕ್ಕದ ಪುಸ್ತಕವನ್ನು ಗಾಜಿನೊಳಗಿಟ್ಟು ಬಂದವರಿಗೆಲ್ಲ ತೋರಿಸುತ್ತಾರೆ! ಸಾಲ ತೀರಿಸದ ದಾಖಲೆ ನಮ್ಮಲ್ಲಿ ವಸ್ತುಸಂಗ್ರಹಾಲಯದ ಸರಕು. ಊರಿನ ಸಹಕಾರಿ ಸಂಘದಲ್ಲಿ ಬೆಳೆಸಾಲ ಉಳಿಸಿಕೊಂಡವರು ಯಾರಾದರೂ ಇದ್ದರೆ ನಿಮ್ಮ ನೋಟಿಸಿಗೂ ಒಂದು ಗಾಜು ಹಾಕಿಸಿ ನೋಡಿ.

ಇದೇ ಚರ್ಚಿಲ್ ಸಾಹೇಬರಿಗೆ 1931ರಲ್ಲಿ ಗಾಂಧಿಯನ್ನು ಕಂಡರೆ ಮೈ ಉರಿಯಿತು. ವೈಸ್‌ರಾಯ್ ಬಂಗಲೆಯ ಮೆಟ್ಟಿಲನ್ನು ಈ ಮನುಷ್ಯ ಅರೆಬೆತ್ತಲೆ ಹತ್ತುತ್ತಾನಲ್ಲ, ಸರಿಸಮನಾಗಿ ಕೂತು ಮಾತಾಡುತ್ತಾನಲ್ಲ ಎಂದು ಕೂಗಾಡಿದರು. ಅದೇ ವರ್ಷ ಗಾಂಧಿ ಲಂಡನ್ನಿಗೆ ಹೋಗಿ, ಅದೇ ತುಂಡು ಬಟ್ಟೆಯಲ್ಲಿ ದೊರೆಯ ಅರಮನೆಗೇ ಚಹಾಕ್ಕೆ ಹೋಗಿಬಂದರು. ಬಕಿಂಗ್‌ಹ್ಯಾಮ್ ಅರಮನೆಯ ಕಾವಲಿನವರೂ ಬಿಟ್ಟರು ಕಣ್ರೀ. ಮಾಗಡಿ ರಸ್ತೆಯಲ್ಲಿ ಬಿಡಲಿಲ್ಲ.

ಇತ್ತೀಚಿನ ಲೆಕ್ಕ ಬೇಕಾ? 2016ರ ಮಾರ್ಚ್‌ನಲ್ಲಿ ನಮ್ಮೂರಿನ ವಿಜಯ್ ಮಲ್ಯ ಅವರು ದೇಶ ಬಿಟ್ಟು ಹೋದರು. ಬ್ಯಾಂಕುಗಳ ಪ್ರಕಾರ ಬಾಕಿ 9,000 ಕೋಟಿ ದಾಟಿತ್ತು. ವಿಮಾನ ಹತ್ತುವಾಗ ಅವರ ಉಡುಪಿನ ಬಗ್ಗೆ ಯಾರಾದರೂ ತಕರಾರು ತೆಗೆದರು ಅಂತ ನಾನು ಎಲ್ಲೂ ಓದಿಲ್ಲ.

ಪಂಚೆ ನಮ್ಮ ಸಂಸ್ಕೃತಿ, ಪಂಚೆಗೆ ಅವಮಾನ ಮಾಡಿದರು ಅಂತ ಆಗ ಭಾಷಣ ಜೋರಾಗಿತ್ತು. ಇದನ್ನು ಕೇಳಿದಾಗೆಲ್ಲ ನನಗೆ ನಗು ಬರುತ್ತದೆ. ಪಂಚೆಗೆ ಏನೂ ಆಗಿಲ್ಲ ಸ್ವಾಮಿ, ಅದು ಚೆನ್ನಾಗಿಯೇ ಇದೆ. ದೇವೇಗೌಡರು ಪಂಚೆಯಲ್ಲೇ ಪ್ರಧಾನಿಯಾದರು. ಸಿದ್ದರಾಮಯ್ಯನವರು ಪಂಚೆಯಲ್ಲೇ ಬಜೆಟ್ ಮಂಡಿಸಿದರು. ಗಂಜಿ ಹಾಕಿ ಇಸ್ತ್ರಿ ಮಾಡಿದ ಪಂಚೆಗೆ ಈ ಊರಿನಲ್ಲಿ ಎಲ್ಲ ಬಾಗಿಲೂ ತೆಗೆಯುತ್ತದೆ, ಮುಂದೆ ಸೈರನ್ ಕೂಡ ಹೊಡೆಯುತ್ತದೆ. ನವೆಂಬರ್ ಬಂದರೆ ಐಟಿ ಕಂಪನಿಗಳಲ್ಲಿ ಪಂಚೆಯದೇ ದರ್ಬಾರು. ಅಂಟುಪಟ್ಟಿ ಇರುವ ರೆಡಿಮೇಡ್ ಪಂಚೆ, ಮೇಲೊಂದು ಬೆಲ್ಟು, ಆ ಬೆಲ್ಟಿಗೆ ಐಡಿ ಕಾರ್ಡು. ಮಧ್ಯಾಹ್ನದ ಹೊತ್ತಿಗೆ ಅರ್ಧ ಜನ ಶೌಚಾಲಯದಲ್ಲಿ ಅದನ್ನು ಸರಿಮಾಡಿಕೊಳ್ಳುತ್ತಿರುತ್ತಾರೆ. ಮಾಲ್‌ಗಳ ಒಳಗೇ ಪಂಚೆ ಮಾರುವ ಅಂಗಡಿಗಳಿವೆ, ಗೊಂಬೆಗೆ ಉಡಿಸಿ ನಿಲ್ಲಿಸಿರುತ್ತಾರೆ. ಗೊಂಬೆಯನ್ನು ಯಾರೂ ಹೊರಗೆ ಹಾಕುವುದಿಲ್ಲ. ಅದಕ್ಕೆ ಊರಿಲ್ಲ, ಬೆವರಿಲ್ಲ.

ತಡೆದದ್ದು ಪಂಚೆಯನ್ನಲ್ಲ ಅನ್ನುವುದಕ್ಕೆ ಸಾಕ್ಷಿ ಬೇಕಿದ್ದರೆ 2024ರದೇ ಫೆಬ್ರುವರಿಯ ಮೆಟ್ರೊ ಕಥೆ ನೆನಪಿಸಿಕೊಳ್ಳಿ. ರಾಜಾಜಿನಗರ ನಿಲ್ದಾಣ. ತಲೆ ಮೇಲೆ ಗಂಟು ಹೊತ್ತ ರೈತರೊಬ್ಬರು ಬಂದರು. ಟಿಕೆಟ್ ಇತ್ತು. ಬಟ್ಟೆ ಸರಿಯಿಲ್ಲ ಅಂತ ನಿಲ್ಲಿಸಿದರು. ಜೊತೆಗಿದ್ದ ಪ್ರಯಾಣಿಕರು ಜಗಳ ಆಡಿದ್ದಕ್ಕೆ ಅವರು ಒಳಗೆ ಹೋದರು. ಏಪ್ರಿಲ್‌ನಲ್ಲಿ ದೊಡ್ಡಕಲ್ಲಸಂದ್ರ ನಿಲ್ದಾಣದಲ್ಲಿ ಒಬ್ಬ ಕೂಲಿ ಕಾರ್ಮಿಕನಿಗೆ ಅಂಗಿಯ ಗುಂಡಿ ಹಾಕಿಕೊಂಡು ಬಾ ಅಂದರು. ಎಷ್ಟು ಕಾಳಜಿ ನೋಡಿ. ಸುರಂಗದಲ್ಲಿ ಗಾಳಿ ತಗುಲಿ ಶೀತ ಆದೀತು ಅಂತ ಇರಬೇಕು. ಆಮೇಲೆ 2025ರ ಫೆಬ್ರುವರಿಯಲ್ಲಿ ಮೆಟ್ರೊದ ಗರಿಷ್ಠ ದರವನ್ನು 60 ರೂಪಾಯಿಯಿಂದ 90ಕ್ಕೆ ಏರಿಸಿದರು. ಅಲ್ಲಿಗೆ ಬಟ್ಟೆ ನೋಡುವ ತಾಪತ್ರಯವೂ ಕಡಿಮೆಯಾಯಿತು. ಅಂಗಿಗೆ ಗುಂಡಿ ಇಲ್ಲದವರು ಬಾಗಿಲವರೆಗೂ ಬರುವುದೇ ಇಲ್ಲ.

ರಾಜಾಜಿನಗರದ ಘಟನೆಗೆ ಕ್ರಮ ಆಯಿತಲ್ಲ ಅಂತೀರಾ? ಆಯಿತು. ಭದ್ರತಾ ಮೇಲ್ವಿಚಾರಕನನ್ನು ಕೆಲಸದಿಂದ ತೆಗೆದರು. ನಮ್ಮ ನ್ಯಾಯ ಯಾವಾಗಲೂ ಬಾಗಿಲ ಹತ್ತಿರವೇ ಮುಗಿದುಹೋಗುತ್ತದೆ, ಲಿಫ್ಟ್ ಹತ್ತುವುದಿಲ್ಲ. ಈ ಊರಿನ ಬಾಗಿಲುಗಳಲ್ಲಿ ಕಾವಲಿಗೆ ನಿಂತವರು ಯಾರು? ಯಾದಗಿರಿಯವರು, ರಾಯಚೂರಿನವರು, ಒಡಿಶಾದವರು, ಅಸ್ಸಾಮಿನವರು. ಊರಲ್ಲಿ ಮಳೆ ಕೈಕೊಟ್ಟು ಬಂದವರು. ಏಜೆನ್ಸಿಯವರು ಟೋಪಿ ಕೊಡುತ್ತಾರೆ, ಬೂಟು ಕೊಡುತ್ತಾರೆ, ಕೂರಲು ಕುರ್ಚಿ ಮಾತ್ರ ಕೊಡುವುದಿಲ್ಲ. ಹನ್ನೆರಡು ಗಂಟೆ ನಿಂತಿದ್ದು, ತನ್ನ ಅಪ್ಪನ ಹಾಗೇ ಕಾಣುವ ಒಬ್ಬರನ್ನು ತಡೆಯುವುದು ಅವನ ಕೆಲಸ. ತಡೆಯದಿದ್ದರೆ ಮ್ಯಾನೇಜರ್ ಬೈಯುತ್ತಾನೆ. ತಡೆದರೆ ವಿಡಿಯೊ ಬರುತ್ತದೆ. ವಿಡಿಯೊ ಬಂದರೆ ಕೆಲಸ ಹೋಗುತ್ತದೆ. ಹೀಗೆ ಮಾಡು ಅಂತ ಹೇಳಿದವನು ಯಾರು, ಆ ನಿಯಮವನ್ನು ಬರೆದ ಕೈ ಯಾವುದು ಅಂತ ಯಾರೂ ಕೇಳಲ್ಲ. ಕೇಳಬೇಕು. ನನಗೆ ಇದರಲ್ಲಿ ತಮಾಷೆ ಮಾಡಲು ಏನೂ ಸಿಗುತ್ತಿಲ್ಲ.

ಪಕ್ಕದ ತಮಿಳುನಾಡಿನಲ್ಲಿ 2014ರಲ್ಲಿ ಹೈಕೋರ್ಟ್ ನ್ಯಾಯಮೂರ್ತಿಯೊಬ್ಬರನ್ನೇ ವೇಷ್ಟಿ (ಅವರ ಪಂಚೆ) ಉಟ್ಟಿದ್ದಾರೆ ಅಂತ ಚೆನ್ನೈನ ಕ್ರಿಕೆಟ್ ಕ್ಲಬ್ಬಿನವರು ಒಳಗೆ ಬಿಡಲಿಲ್ಲ. ಅದೇ ವರ್ಷ ಅಲ್ಲಿ ಕಾನೂನು ಬಂತು. ವೇಷ್ಟಿ ನೋಡಿ ಬಾಗಿಲು ಹಾಕಿದರೆ ಲೈಸೆನ್ಸ್ ರದ್ದು, ಜೈಲು, ದಂಡ. ಇದರಲ್ಲೂ ಒಂದು ಪಾಠ ಇದೆ. ಕಾನೂನು ಬೇಕಿದ್ದರೆ ಅವಮಾನ ನ್ಯಾಯಮೂರ್ತಿಗೆ ಆಗಬೇಕು. ರೈತರಿಗೆ ಆದರೆ ಶಾಲು ಸಾಕು.

ಹಾಗಂತ ಈ ಊರಿನಲ್ಲಿ ರೈತರಿಗೆ ಜಾಗವೇ ಇಲ್ಲ ಅಂದರೆ ತಪ್ಪಾಗುತ್ತದೆ. ಫ್ರೀಡಂ ಪಾರ್ಕ್ ಇದೆ. ಅಲ್ಲಿ ಪಂಚೆ ನಡೆಯುತ್ತದೆ, ಹಸಿರು ಶಾಲು ನಡೆಯುತ್ತದೆ, ಬರಿಗಾಲೂ ನಡೆಯುತ್ತದೆ. ಬಟ್ಟೆ ನೋಡದೆ ಒಳಗೆ ಬಿಡುವ ಆ ಜಾಗ ಮೊದಲು ಸೆಂಟ್ರಲ್ ಜೈಲಾಗಿತ್ತು ಅನ್ನುವುದು ಬೇರೆ ವಿಷಯ.

ದೇವನಹಳ್ಳಿ ತಾಲ್ಲೂಕಿನ ಚನ್ನರಾಯಪಟ್ಟಣದ ಸುತ್ತಲಿನವರು ಅಲ್ಲೂ ಕೂತರು. 13 ಹಳ್ಳಿ, 1,777 ಎಕರೆ. ವಿಮಾನದ ಬಿಡಿಭಾಗ ಮಾಡುವ ಪಾರ್ಕಿಗೆ ಬೇಕು ಅಂದಿತು ಸರ್ಕಾರ. ಕೊಡಲ್ಲ ಅಂದರು ಇವರು. ಮೂರು ವರ್ಷಕ್ಕೂ ಮೀರಿ ಕೂತಿದ್ದರು. ನಡುವೆ ಸರ್ಕಾರವೇ ಬದಲಾಯಿತು. ವಿರೋಧ ಪಕ್ಷದಲ್ಲಿದ್ದಾಗ ಭರವಸೆ ಕೊಟ್ಟಿದ್ದವರೇ ಅಧಿಕಾರಕ್ಕೆ ಬಂದರು, ಆದರೂ ಚಾಪೆ ಮಡಚುವ ಹಾಗಾಗಲಿಲ್ಲ. ಕೊನೆಗೆ 2025ರ ಜುಲೈ 15ರಂದು ಭೂಸ್ವಾಧೀನ ಕೈಬಿಟ್ಟೆವು ಅಂತ ಮುಖ್ಯಮಂತ್ರಿ ಹೇಳಿದರು. ಜಮೀನು ಕೊಡಲು ಮನಸ್ಸಿರುವವರು ಮಾತ್ರ ಕೊಡಬಹುದು, ಅವರಿಗೆ ಹೆಚ್ಚು ಪರಿಹಾರ ಅಂತ ಅದೇ ಉಸಿರಿನಲ್ಲಿ ಸೇರಿಸಿದರು. ಉದ್ಯಮ ಪಕ್ಕದ ಆಂಧ್ರಕ್ಕೆ ಹೋಗಿಬಿಡುತ್ತದೆ ಅಂತ ನಗರದಲ್ಲಿ ಬಹಳ ಜನಕ್ಕೆ ಆ ರಾತ್ರಿ ನಿದ್ದೆ ಬರಲಿಲ್ಲ. ರಾಗಿ, ದ್ರಾಕ್ಷಿ, ತರಕಾರಿ ಎಲ್ಲಿಗೆ ಹೋಗುತ್ತದೆ ಅಂತ ಅವರಲ್ಲಿ ಎಷ್ಟು ಮಂದಿ ಹೊರಳಾಡಿದರೋ.

ಈಗ ಮನಸ್ಸು ಮಾಡುವ ಕೆಲವರಾದರೂ ಇರುತ್ತಾರೆ. ಸಾಲ ಇರುತ್ತದೆ, ಮದುವೆ ಇರುತ್ತದೆ, ದುಡ್ಡು ಯಾರಿಗೆ ಬೇಡ. ಕೊಡಲಿ, ಅದು ಅವರ ಜಮೀನು. ಆದರೆ ಇಂಥ ಕಡೆಗಳಲ್ಲೆಲ್ಲ ‘ಮನೆಗೊಂದು ಕೆಲಸ’ ಅಂತ ಒಂದು ಮಾತು ಓಡಾಡುತ್ತದಲ್ಲ, ಅದು ಯಾವ ಕೆಲಸ, ಗೇಟಿನ ಒಳಗಿನದೋ ಗೇಟಿನದೋ ಅನ್ನುವುದನ್ನು ಸ್ಟಾಂಪ್ ಪೇಪರಿನ ಮೇಲೆ ಬರೆಸಿಕೊಂಡೇ ಸಹಿ ಹಾಕಿ. ಸಹಿ ಹಾಕಲು ಹೋಗುವ ದಿನ ಪಂಚೆಯಲ್ಲೇ ಹೋಗಿ. ಅವತ್ತು ಒಂದು ದಿನ ಯಾರೂ ತಡೆಯಲ್ಲ, ಕಾಫಿಯನ್ನೂ ಕೊಡುತ್ತಾರೆ.