ವಿಮೆಯ ದೋಣಿ, ನದಿಯ ದೋಣಿ

ಪಶ್ಚಿಮ ಫ್ರಾನ್ಸಿನ ಲೆ ಸಾಬ್ಲ್ ದೊಲೋನ್ ಬಂದರಿನಲ್ಲಿ ನಾಲ್ಕು ವರ್ಷಕ್ಕೊಮ್ಮೆ ಜಾತ್ರೆ ನೆರೆಯುತ್ತದೆ. ಒಬ್ಬರೇ, ಎಲ್ಲೂ ನಿಲ್ಲದೆ, ಯಾರ ನೆರವೂ ಇಲ್ಲದೆ ಭೂಮಿ ಸುತ್ತಿ ಬರುವ ವಾಂದೆ ಗ್ಲೋಬ್ ಪಂದ್ಯ ಹೊರಡುವುದು ಇಲ್ಲಿಂದಲೇ. ನಾಂತ್‌ನಲ್ಲಿ ನೆಲೆಸಿರುವ ನನಗೆ ಇದು ಪಕ್ಕದೂರು. 2024ರ ನವೆಂಬರಿನಲ್ಲಿ 40 ಹಾಯಿದೋಣಿಗಳು ಹೊರಟವು.

ಅವನ್ನು ದೋಣಿ ಎನ್ನಲು ನನಗೆ ಮನಸ್ಸು ಬಾರದು. 18 ಮೀಟರ್ ಉದ್ದದ ಕಾರ್ಬನ್ ಯಂತ್ರಗಳವು. ಇವುಗಳಲ್ಲಿ ಹಲವುಗಳ ಬದಿಯ ಬಾಗಿದ ರೆಕ್ಕೆಗಳು ವೇಗ ಏರಿದಂತೆ ಒಡಲನ್ನು ನೀರಿನಿಂದ ಮೇಲೆತ್ತುತ್ತವೆ. ತೂಕ ಉಳಿಸಲು ಒಳಗೆಲ್ಲ ಬೋಳು ಕಪ್ಪು ಗೋಡೆ. ನೀರು ಕಾಯಿಸಲು ಪುಟ್ಟ ಒಲೆ, ಶೌಚಕ್ಕೆ ಬಕೆಟ್. ಅಲೆಗಳಿಗೆ ಅಪ್ಪಳಿಸುವ ಸದ್ದಿನ ನಡುವೆ ಅರ್ಧರ್ಧ ಗಂಟೆಯ ನಿದ್ದೆ. ಗೆದ್ದ ಶಾರ್ಲಿ ದಲಾಂ 65 ದಿನ ತುಂಬುವ ಮೊದಲೇ ಮರಳಿದರು. ಅವರ ದೋಣಿಗೆ ವಿಮಾ ಸಂಸ್ಥೆಯ ಹೆಸರು.

ನಮ್ಮ ರೀತಿ ಬೇರೆ. 2013ರಲ್ಲಿ ನಮ್ಮ ನೌಕಾಪಡೆಯ ಅಭಿಲಾಷ್ ಟೋಮಿ ಒಬ್ಬರೇ, ಎಲ್ಲೂ ನಿಲ್ಲದೆ ಭೂಮಿ ಸುತ್ತಿ ಬಂದ ‘ಮ್ಹಾದೇಯಿ’ ಗೋವಾದಲ್ಲಿ ಕಟ್ಟಿದ, ವೇಗಕ್ಕಿಂತ ಗಟ್ಟಿತನವನ್ನು ನಂಬಿದ ದೋಣಿ. ಐದು ತಿಂಗಳು ಹಿಡಿಯಿತು. ಖರ್ಚು ನೌಕಾಪಡೆಯದು, ಹೆಸರು ನಮ್ಮ ಖಾನಾಪುರದ ಕಾಡಿನಲ್ಲಿ ಹುಟ್ಟುವ ಮಹದಾಯಿಯದು. ಮಹದಾಯಿ ಎಂದರೆ ನಮಗೆ ನ್ಯಾಯಮಂಡಳಿ, ಬಂದ್, ಕಳಸಾ-ಬಂಡೂರಿ. ಅದೇ ಹೆಸರು ಹೊತ್ತ ದೋಣಿ ದಕ್ಷಿಣ ಅಮೆರಿಕದ ತುದಿಯ ಕೇಪ್ ಹಾರ್ನ್ ದಾಟಿದ್ದು ಎಷ್ಟು ಕನ್ನಡಿಗರಿಗೆ ಗೊತ್ತು?

ಫ್ರೆಂಚರ ವೇಗದ ಬಗ್ಗೆ ನನಗೆ ಹೊಟ್ಟೆಕಿಚ್ಚಿಲ್ಲ. ತೇಲುವ ಮರದ ದಿಮ್ಮಿಗೆ ಬಡಿದು ರೆಕ್ಕೆ ಮುರಿದರೆ ಕೋಟಿಗಟ್ಟಲೆ ಹಣ ನೀರುಪಾಲು. ಹೊಟ್ಟೆಕಿಚ್ಚು ಇರುವುದು ಇಲ್ಲಿನ ಆರೂವರೆ ಮೀಟರಿನ ‘ಮಿನಿ’ ದೋಣಿಗಳ ಮೇಲೆ. 1977ರಲ್ಲಿ ಶುರುವಾದ ಮಿನಿ ಟ್ರಾನ್ಸಾಟ್ ಪಂದ್ಯದಲ್ಲಿ ಒಬ್ಬೊಬ್ಬರೇ ಇವುಗಳಲ್ಲಿ ಅಟ್ಲಾಂಟಿಕ್ ದಾಟುತ್ತಾರೆ. ಹಳೆಯ ಮಿನಿಯೊಂದನ್ನು ಕೊಂಡು, ತಾವೇ ಉಜ್ಜಿ, ಅಂಟು ಬಳಿದು, ಕೆಲಸಕ್ಕೆ ರಜೆ ಹಾಕಿ ಹೊರಡುವ ಮೇಷ್ಟ್ರು, ಎಂಜಿನಿಯರು, ಬಡಗಿಗಳು ಇಲ್ಲಿದ್ದಾರೆ. ದೊಡ್ಡ ಪಂದ್ಯದ ಎಷ್ಟೋ ನಾವಿಕರು ಮೇಲೆ ಬಂದದ್ದು ಈ ಮೆಟ್ಟಿಲಿನಿಂದಲೇ.

ನಮ್ಮಲ್ಲಿ ಆ ಮೆಟ್ಟಿಲೇ ಇಲ್ಲ. ಒಂಟಿಯಾಗಿ ಭೂಮಿ ಸುತ್ತಿದ ಮೊದಲ ಭಾರತೀಯ ದಿಲೀಪ್ ದೊಂಡೆಯೂ ನೌಕಾಪಡೆಯವರು, ಅವರ ಹಿಂದೆ ಹೊರಟ ಟೋಮಿಯೂ ನೌಕಾಪಡೆಯವರು. ಸಮವಸ್ತ್ರ ತೊಡದ ಮಲ್ಪೆಯ ಹುಡುಗಿಗೆ ಸಾಗರ ಸುತ್ತುವ ಆಸೆ ಹುಟ್ಟಿದರೆ ಯಾರ ಬಾಗಿಲು ತಟ್ಟಬೇಕು? ಮೂಲ್ಕಿಯ ಹುಡುಗರು ಸರ್ಫಿಂಗ್ ಕಲಿಯಲು ಯಾವ ಪಡೆಯನ್ನೂ ಸೇರಬೇಕಾಗಲಿಲ್ಲ. ಮ್ಹಾದೇಯಿಯನ್ನು ಕಟ್ಟಿದ ಕೈಗಳು ಕಾರವಾರದಿಂದ ಕೂಗಳತೆಯಲ್ಲಿವೆ. ಕೋಟಿ ಕೋಟಿಯ ಯಂತ್ರ ಬೇಡ. ಅವರಿಂದ ಎರಡು ಮಿನಿ ಕಟ್ಟಿಸಿ ಕಾರವಾರದಲ್ಲಿಡಲಿ, ಕಲಿಸಲೊಬ್ಬ ನಿವೃತ್ತ ನಾವಿಕನಿರಲಿ. ವಿಮಾ ಕಂಪನಿಯೊಂದು ಹಾಯಿಯ ಮೇಲೆ ತನ್ನ ಹೆಸರು ಬರೆಸಿಕೊಳ್ಳುತ್ತೇನೆಂದರೆ ಬರೆಸಿಕೊಳ್ಳಲಿ, ನನ್ನ ತಕರಾರಿಲ್ಲ.